ನಾಲ್ಕು ಬೆರಳು ಹುಲ್ಲು

ನನ್ನ ತಂಗಿ ಹಸಿರು ಕೋಟು ಹಾಕಿಕೊಂಡು ಕೊಟ್ಟಿಗೆಗೆ ಬಂದ ದಿನ ನಾನು ಗಂಜಲದ ಕಾಲುವೆಯೊಳಗೆ ನಿಂತಿದ್ದೆ. ಕಾಲುವೆ ಕಟ್ಟಿಕೊಂಡಿತ್ತು. ಸಲಿಕೆ ಹೋಗದ ಮೂಲೆಗೆ ಕೈ ಹಾಕಿ ಸಗಣಿ ಎತ್ತಬೇಕಿತ್ತು. ಮೊಣಕೈವರೆಗೂ ಹಸಿರಾಗಿದ್ದೆ. ಅವಳೂ ಹಸಿರು, ನಾನೂ ಹಸಿರು. ಅವಳ ಹಸಿರಿಗೆ ಇಸ್ತ್ರಿ ಹಾಕಿದ್ದರು.

ಅವಳ ಜೊತೆ ಇನ್ನೂ ಹದಿನೆಂಟು ಮಂದಿ. ಎಲ್ಲರ ಕಾಲಿಗೂ ಹೊಸ ಗಮ್ ಬೂಟು. ಮುಂದೆ ಮೇಷ್ಟ್ರು. ಜಾನುವಾರು ತರಬೇತಿ ಕೇಂದ್ರದಲ್ಲಿ ಮೇವಿನ ಪಾಠ ಹೇಳುವವರು ಅವರೇ. "ಇದು ಹಾಲಿನ ಹಸುಗಳ ಕೊಟ್ಟಿಗೆ, ಒಟ್ಟು ನಲವತ್ತೆರಡು," ಎಂದರು. ಹಸುಗಳನ್ನು ತೋರಿಸಿದರು. ಗೋದಲಿ ತೋರಿಸಿದರು. ನೀರಿನ ತೊಟ್ಟಿ ತೋರಿಸಿದರು. ನನ್ನನ್ನು ತೋರಿಸಲಿಲ್ಲ. ಒಬ್ಬ ಹುಡುಗಿ ಮೂಗಿಗೆ ಕರ್ಚೀಫು ಹಿಡಿದಳು. ತಂಗಿ ಹಿಡಿಯಲಿಲ್ಲ. ಅವಳು ಕಂಬ ನೋಡಿದ ಹಾಗೆ ನನ್ನನ್ನು ನೋಡಿ ಮುಂದೆ ಹೋದಳು.

ಹಾಗೆ ಮಾಡು ಎಂದು ಹೇಳಿಕೊಟ್ಟವಳು ಅಮ್ಮ. "ಅಲ್ಲಿ ಇವಳು ನಿನ್ನ ಅಕ್ಕ ಅಂತ ಬಾಯಿ ಬಿಡಬೇಡ ಪುಟ್ಟಿ. ಸಗಣಿ ಎತ್ತೋಳ ತಂಗಿಗೆ ಸೀಟು ಯಾಕೆ ಅಂತ ಕಿತ್ಕೋತಾರೆ." ನನ್ನ ಕಡೆ ತಿರುಗಿ, "ನೀನೂ ಅಷ್ಟೇ," ಎಂದಿದ್ದಳು. ನಾನು ಹೂಂ ಎಂದಿದ್ದೆ. ಮನೆಯಲ್ಲಿ ಕೂತು ಹೂಂ ಅನ್ನುವುದು ಸುಲಭ. ಕಾಲುವೆಯಲ್ಲಿ ನಿಂತಾಗ ಎದೆಯ ಕೆಳಗೆ ಏನೋ ಹೊತ್ತಿಕೊಂಡಿತು. ಅದರ ಹೆಸರು ಹೊಟ್ಟೆಕಿಚ್ಚು. ಬೇರೆ ಒಳ್ಳೆಯ ಹೆಸರು ಹುಡುಕುವುದಿಲ್ಲ.

ನಮ್ಮಪ್ಪ ದನ ಕಾಯುತ್ತಿದ್ದ. ಬೀದಿಯ ಮನೆಮನೆಯ ಹಸು ಒಟ್ಟು ಮಾಡಿ ಗುಡ್ಡಕ್ಕೆ ಹೊಡೆದುಕೊಂಡು ಹೋಗುವ ಕೆಲಸ. ಅವನು ಸತ್ತಾಗ ನನಗೆ ಒಂಬತ್ತು, ಪುಟ್ಟಿಗೆ ನಾಲ್ಕು. ಮಾರನೆಯ ದಿನ ಹಸುಗಳು ಬಾಗಿಲಿಗೆ ಬಂದು ನಿಂತವು. ಅವಕ್ಕೇನು ಗೊತ್ತು ಸಾವು? ಅಮ್ಮ ಅಪ್ಪನ ಕೋಲನ್ನು ನನ್ನ ಕೈಗೆ ಕೊಟ್ಟಳು. ಮೂರನೇ ಕ್ಲಾಸಿನ ಪುಸ್ತಕ ಅಟ್ಟ ಸೇರಿತು. ಮುಂದೆ ಪುಟ್ಟಿ ಶಾಲೆಗೆ ಹೋದಳು. ನಾನು ಕಾದ ಹಸುಗಳ ಕೂಲಿಯಲ್ಲಿ ಅವಳು ಹತ್ತು ಪಾಸಾದಳು. ನನಗೆ ಮದುವೆಯಾಯಿತು, ಗಂಡ ಇನ್ನೊಬ್ಬಳ ಹಿಂದೆ ಹೋದ, ವಾಪಸ್ ಅಮ್ಮನ ಒಂದು ಕೋಣೆಯ ಮನೆಗೆ ಬಂದೆ. ಆಗ ಕೇಂದ್ರದಲ್ಲಿ ಹಸು ಮೇಯಿಸುವ ಕೆಲಸ ಸಿಕ್ಕಿತು. ಏಳು ವರ್ಷ ಮೇಯಿಸಿದೆ. ಆಮೇಲೆ ಹುಲ್ಲುಗಾವಲಿನ ಒಂಬತ್ತು ಪಟ್ಟಿಗಳಿಗೂ ಕರೆಂಟಿನ ತಂತಿ ಬೇಲಿ ಬಂತು. ಬೇಲಿ ಬಂದ ಮೇಲೆ ಕಾಯುವವಳು ಯಾಕೆ? ಕೋಲು ಇಸಿದುಕೊಂಡು ಸಲಿಕೆ ಕೊಟ್ಟರು.

ಕೊಟ್ಟಿಗೆಯಲ್ಲಿ ನಾವು ಮೂವರು ಹೆಂಗಸರು. ನಮಗೆ ಹೆಸರಿಲ್ಲ, "ಏ ಸಗಣಿ" ಎಂದರೆ ಮೂವರೂ ತಿರುಗಬೇಕು. ನೀರಿಗೆ ಗೊಬ್ಬರದ ಗುಂಡಿಯ ಪಕ್ಕದ ನಲ್ಲಿ. ಕ್ಲಾಸಿನ ಜಗುಲಿ ಹತ್ತುವ ಹಾಗಿಲ್ಲ. ಯಾರಾದರೂ ದೊಡ್ಡವರು ಬಂದರೆ ಗೊಬ್ಬರದ ಗುಂಡಿಯ ಹಿಂದೆ ಹೋಗಿ ಕೂರಬೇಕು. ನಮ್ಮಲ್ಲಿ ಹಿರಿಯಳನ್ನು ನಾವು ಉದ್ದಕ್ಕ ಅನ್ನುತ್ತಿದ್ದೆವು. ಕುಳ್ಳಗಿದ್ದಳು, ಅದಕ್ಕೇ ಆ ಹೆಸರು. ಅವಳು ಹೇಳುತ್ತಿದ್ದಳು: "ಹಸು ಸಗಣಿ ಹಾಕಿದ್ರೆ ಗೊಬ್ಬರ ಅಂತಾರೆ. ನಾವು ಮುಟ್ಟಿದ್ರೆ ಗಲೀಜು ಅಂತಾರೆ."

ಹೋದ ವರ್ಷ ಮೇಷ್ಟ್ರು ನನ್ನನ್ನು ಕೊಟ್ಟಿಗೆಯ ಹಿಂದೆ ಕರೆಸಿದ್ದರು. ಅವರು ಕುರ್ಚಿ ಹಾಕಿಕೊಂಡು ಕೂತರು. ನಾನು ನೆಲದ ಮೇಲೆ. ಗಾಳಿ ನನ್ನ ಕಡೆಯಿಂದ ಬೀಸಿದಾಗ ಕುರ್ಚಿ ಎತ್ತಿ ಆ ಪಕ್ಕಕ್ಕೆ ಹಾಕಿಕೊಂಡರು.

"ಹುಲ್ಲು ಎಷ್ಟು ಬೆಳೆದಾಗ ಹಸು ಬಿಡ್ತಿದ್ದೆ?"

"ಗೇಣುದ್ದ ಬಂದಾಗ ಸಾರ್."

"ಯಾವಾಗ ಎಬ್ಬಿಸ್ತಿದ್ದೆ?"

"ನಾಲ್ಕು ಬೆರಳು ಉಳಿದಾಗ. ಅದಕ್ಕಿಂತ ಕೆಳಗೆ ಮೇಯಿಸಿದ್ರೆ ಬೇರು ಸಾಯುತ್ತೆ. ಹುಲ್ಲಿಗೂ ಬಿಡುವು ಬೇಕಲ್ಲ ಸಾರ್. ತಿಂದ ಜಾಗಕ್ಕೆ ಮತ್ತೆ ಗೇಣುದ್ದ ಬರೋವರೆಗೂ ಹೋಗಬಾರದು."

"ಕೈ ಚಾಚು," ಎಂದರು. ಚಾಚಿದೆ. ಜೇಬಿನಿಂದ ಸ್ಕೇಲು ತೆಗೆದು ನನ್ನ ಬೆರಳಿನ ಮೇಲೆ, ಒಂದು ಕೂದಲೆಳೆ ಎತ್ತರದಲ್ಲಿ, ತಾಗದ ಹಾಗೆ ಹಿಡಿದರು. ನಾಲ್ಕು ಬೆರಳು ಅಳೆದರು. ಗೇಣು ಅಳೆದರು. ಬರೆದುಕೊಂಡರು. ಹದಿನೈದು ದಿನ ಹೀಗೆ ನಡೆಯಿತು. ಯಾವ ಗಿಡವನ್ನು ಹಸು ಮೂಸಿ ಬಿಡುತ್ತದೆ, ಮಳೆ ಬಿದ್ದ ಮೇಲೆ ಯಾವ ಇಳಿಜಾರಿಗೆ ಹೋಗಬಾರದು, ಗೊರಸಿನ ಗುರುತು ಎಷ್ಟು ಆಳ ಬಿದ್ದರೆ ಜಾಗ ಬದಲಿಸಬೇಕು. ಎಲ್ಲ ಹೇಳಿದೆ. ನನ್ನನ್ನೂ ಯಾರೋ ಕೇಳಿದರಲ್ಲ ಎಂಬ ಖುಷಿ. ಮನೆಗೆ ಹೋಗಿ ಅಮ್ಮನ ಮುಂದೆ ಹೇಳಿಕೊಂಡು ನಕ್ಕಿದ್ದೂ ಉಂಟು.

ಕೊನೆಯ ದಿನ ಕುದುರೆ ಮೆಂತ್ಯದ ವಿಷಯ ಬಂತು. ಏಳನೇ ಪಟ್ಟಿಯಲ್ಲಿ ಹೊಸದಾಗಿ ಅದನ್ನು ಬಿತ್ತುವವರಿದ್ದರು. ಹಸು ಬಲು ಆಸೆಪಟ್ಟು ತಿನ್ನುವ ಸೊಪ್ಪು ಅದು.

"ಅದಕ್ಕೆ ಬೆಳಿಗ್ಗೇನೇ ಬಿಡಬಹುದಾ?"

"ಬಿಡಬಹುದು ಸಾರ್. ಆದ್ರೆ..."

ಅಷ್ಟರಲ್ಲಿ ಗೋಡೆಯ ಪಕ್ಕ ನಿಂತಿದ್ದ ಕಡಸು ಉಚ್ಚೆ ಹೊಯ್ದಿತು. ಮೇಷ್ಟ್ರ ಪ್ಯಾಂಟಿಗೆ ಸಿಡಿಯಿತು. ಅವರು ಛೀ ಎಂದು ಎದ್ದು ಹೋದರು. ಮತ್ತೆ ಬರಲಿಲ್ಲ. ನನ್ನ "ಆದ್ರೆ" ನನ್ನ ಬಾಯಲ್ಲೇ ಉಳಿಯಿತು.

ಈಗ ಪುಟ್ಟಿ ಸಂಜೆ ಮನೆಗೆ ಬಂದು ಕೈಕಾಲು ತೊಳೆದು, ಕಿಟಕಿಯ ಕೆಳಗೆ ಕೂತು ಗಟ್ಟಿಯಾಗಿ ಓದುತ್ತಿದ್ದಳು. ಹೊಳೆಯುವ ರಟ್ಟಿನ ಪುಸ್ತಕ. ರಟ್ಟಿನ ಮೇಲೆ ಮೇಷ್ಟ್ರ ಫೋಟೋ, ಹಿಂದೆ ಒಂದು ಹಸು.

"ಹುಲ್ಲು ಹತ್ತೊಂಬತ್ತು ಸೆಂಟಿಮೀಟರ್ ಬೆಳೆದಾಗ ಹಸುಗಳನ್ನು ಬಿಡಬೇಕು. ಏಳು ಸೆಂಟಿಮೀಟರ್ ಉಳಿದಾಗ ಹೊರಗೆ ತರಬೇಕು."

ನಾನು ಪಾತ್ರೆ ತಿಕ್ಕುತ್ತಿದ್ದೆ. ಕೈ ನಿಂತಿತು.

"ಏಳು ಸೆಂಟಿಮೀಟರ್ ಅಂದ್ರೆ ಎಷ್ಟು?"

ಅವಳು ಸ್ಕೇಲು ತಂದು ತೋರಿಸಿದಳು. ನಾನು ಕೈ ಇಟ್ಟು ನೋಡಿದೆ. ನನ್ನ ನಾಲ್ಕು ಬೆರಳು. ಕೂದಲಷ್ಟೂ ಹೆಚ್ಚು ಕಡಿಮೆ ಇಲ್ಲ. ಮುಂದಿನ ಪುಟವೂ ನನ್ನದೇ. ಅದರ ಮುಂದಿನದೂ ನನ್ನದೇ. ಗೊರಸಿನ ಗುರುತು, ಇಳಿಜಾರು, ಮೂಸಿ ಬಿಡುವ ಗಿಡ. ನಾನು ಗುಡ್ಡದಲ್ಲಿ ಬಿಸಿಲಿಗೆ ಬೆಂದು ಕಲಿತದ್ದನ್ನು ನನ್ನ ತಂಗಿ ನನಗೇ ಓದಿ ಹೇಳುತ್ತಿದ್ದಳು.

"ಚೆನ್ನಾಗಿದೆ ಅಲ್ವಾ ಅಕ್ಕ? ಬೇಕಾದ್ರೆ ದಿನಾ ಸ್ವಲ್ಪ ಸ್ವಲ್ಪ ನಿನಗೂ ಹೇಳಿಕೊಡ್ತೀನಿ," ಎಂದಳು.

ಪಾಪ, ಪ್ರೀತಿಯಿಂದಲೇ ಹೇಳಿದಳು. ಆ ಪ್ರೀತಿಯನ್ನೇ ತೆಗೆದು ಒಲೆಗೆ ಹಾಕಬೇಕು ಅನ್ನಿಸಿತು. ಇದೆಲ್ಲ ನಾನು ಹೇಳಿದ್ದು ಎಂದು ಹೇಳಲು ಬಾಯಿ ಬರಲಿಲ್ಲ. ಹೇಳಿದರೆ ನಂಬುತ್ತಿದ್ದಳೋ ಇಲ್ಲವೋ. ನಂಬಿದರೂ ಫೋಟೋ ಯಾರದ್ದು?

ಅವತ್ತಿನಿಂದ ನಾನು ಅವಳನ್ನು ಲೆಕ್ಕ ಇಟ್ಟು ನೋಡತೊಡಗಿದೆ. ಅವಳು ಕೂತ ಬೆಂಚು ಕ್ಲಾಸಿನ ಕಿಟಕಿಯಿಂದ ಕಾಣುತ್ತಿತ್ತು. ಅವಳು ಕೈ ಎತ್ತಿದರೆ ಮೇಷ್ಟ್ರು ತಲೆ ಆಡಿಸುತ್ತಿದ್ದರು. "ಈ ಹುಡುಗಿಗೆ ದನದ ಕಣ್ಣಿದೆ," ಎಂದು ಒಂದು ದಿನ ಹೊಗಳಿದರು. ಬುಟ್ಟಿ ಹೊತ್ತು ಹೋಗುತ್ತಿದ್ದ ನನಗೆ ಕೇಳಿಸಿತು. ಆ ಕಣ್ಣು ನನ್ನದು. ಅವಳ ಕೈಗಳನ್ನು ನೋಡುತ್ತಿದ್ದೆ. ನನ್ನ ಉಗುರಿನ ಸಂದಿಯಲ್ಲಿ ಸಗಣಿ ಹೋಗುವುದೇ ಇಲ್ಲ, ಸೋಪು ಸವೆದರೂ ಹೋಗುವುದಿಲ್ಲ. ಅವಳ ಉಗುರು ಬಿಳಿ. ಮನೆಯಲ್ಲಿ ಅಮ್ಮ ಅವಳಿಗೆ ಲೋಟದ ತುಂಬ ಹಾಲು ಕೊಡುತ್ತಿದ್ದಳು. "ಓದೋ ಹುಡುಗಿ," ಎನ್ನುತ್ತಿದ್ದಳು. ನಲವತ್ತೆರಡು ಹಸುವಿನ ಸಗಣಿ ಎತ್ತಿದವಳಿಗೆ ಕರಿ ಟೀ. ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ. ಅವಳು ಅರ್ಧ ಹಾಲು ನನ್ನ ಲೋಟಕ್ಕೆ ಸುರಿಯಲು ಬಂದರೆ ನಾನು ಲೋಟ ಬೋರಲು ಹಾಕುತ್ತಿದ್ದೆ.

ಪರೀಕ್ಷೆಗೆ ಮೂರು ದಿನ ಇತ್ತು. ಅವಳು ಕೊನೆಯ ಪಾಠ ಓದುತ್ತಿದ್ದಳು.

"ಕುದುರೆ ಮೆಂತ್ಯದ ಪಟ್ಟಿಗೆ ಹಸುಗಳನ್ನು ಬೆಳಗಿನ ಹೊತ್ತೇ ಬಿಡಬಹುದು."

ನಾನು "ಆದ್ರೆ"ಗೆ ಕಾದೆ. ಅವಳು ಪುಟ ತಿರುಗಿಸಿದಳು.

"ಅಷ್ಟೇನಾ?" ಎಂದೆ.

"ಅಷ್ಟೇ. ಯಾಕೆ?"

ಬಾಯಿಗೆ ಬಂತು. ಹಸಿದ ಹೊಟ್ಟೆಯಲ್ಲಿ ಬಿಡಬಾರದು, ಮೊದಲು ಒಣಹುಲ್ಲು ತಿನ್ನಿಸಬೇಕು, ಇಬ್ಬನಿ ಪೂರ್ತಿ ಆರಬೇಕು, ಇಲ್ಲದಿದ್ದರೆ ಹೊಟ್ಟೆ ಉಬ್ಬರಿಸಿ ಸಾಯುತ್ತವೆ. ಇದನ್ನು ನನಗೆ ಯಾವ ಮೇಷ್ಟ್ರೂ ಹೇಳಿಕೊಟ್ಟಿಲ್ಲ. ಹನ್ನೊಂದನೇ ವಯಸ್ಸಿನಲ್ಲಿ ನನ್ನ ಕಣ್ಣ ಮುಂದೆ ಒಂದು ಹಸು ಹೀಗೇ ಉಬ್ಬಿ ಸತ್ತಿತ್ತು. ಅದರ ಒಡೆಯ ಸೊಂಟದ ಬೆಲ್ಟು ಬಿಚ್ಚಿ ನನ್ನ ಬೆನ್ನಿನ ಮೇಲೆ ಬರೆದ ಪಾಠ ಅದು.

ಆಗಲೇ ಅಮ್ಮ ಬಂದಳು. "ಓದೋಳಿಗೆ ತೊಂದರೆ ಕೊಡಬೇಡ. ನಿನಗೇನು ಗೊತ್ತಾಗುತ್ತೆ ಅದು? ಎದ್ದು ಹೋಗಿ ನೀರು ತಾ."

ನಾನು ಎದ್ದು ನೀರು ತಂದೆ. ಬಾಯಿ ತೆರೆಯಲಿಲ್ಲ. ಮಾರನೆಯ ದಿನವೂ ತೆರೆಯಲಿಲ್ಲ. ತಪ್ಪು ಉತ್ತರ ಬರೆಯಲಿ, ಒಂದು ಸಲ ಎಲ್ಲರ ಮುಂದೆ ತಲೆ ತಗ್ಗಿಸಲಿ ಎಂದುಕೊಂಡೆ. ಬರೀ ಬಾಯಿಪಾಠದ ಪರೀಕ್ಷೆ ಎಂದುಕೊಂಡಿದ್ದೆ. ಹಸು ಬಿಡುವ ಪರೀಕ್ಷೆ ಎಂದು ಗೊತ್ತಿರಲಿಲ್ಲ. ಗೊತ್ತಿದ್ದರೆ ಹೇಳುತ್ತಿದ್ದೆನೇ? ಈ ಪ್ರಶ್ನೆ ನನ್ನನ್ನು ಇವತ್ತಿಗೂ ಬಿಟ್ಟಿಲ್ಲ.

ಪರೀಕ್ಷೆಯ ದಿನ ಬೆಳಿಗ್ಗೆ ಏಳಕ್ಕೇ ಜೀಪುಗಳು ಬಂದವು. ಕೇಂದ್ರದ ದೊಡ್ಡ ಸಾಹೇಬರು, ಹೊರಗಿನಿಂದ ಬಂದ ಮೂವರು ಅಧಿಕಾರಿಗಳು. ಅವರಿಗೆ ಬೇಗ ಹೋಗಬೇಕಿತ್ತಂತೆ. ಹುಲ್ಲಿನ ಮೇಲೆ ಇಬ್ಬನಿ ಬಿಳಿಯಾಗಿ ನಿಂತಿತ್ತು. ಹಸುಗಳಿಗೆ ಒಣಮೇವು ಹಾಕಿರಲಿಲ್ಲ. "ಹಸಿದಿದ್ರೆ ಚೆನ್ನಾಗಿ ಮೇಯ್ತವೆ, ನೋಡೋರಿಗೆ ಚಂದ," ಎಂದು ಮೇಷ್ಟ್ರೇ ಬೇಡ ಎಂದಿದ್ದರು.

ಪುಟ್ಟಿ ಹನ್ನೆರಡು ಹಸು ಹೊಡೆದುಕೊಂಡು ಏಳನೇ ಪಟ್ಟಿಯ ಕಡೆ ಹೊರಟಳು. ಮುಂದೆ ಬೊಟ್ಟಿ. ಹಣೆಯಲ್ಲಿ ಬಿಳಿ ಮಚ್ಚೆ ಇದ್ದ ಹಸು ಅದು. ಹುಟ್ಟುವಾಗ ಕತ್ತು ಹಿಂದಕ್ಕೆ ಮಡಚಿಕೊಂಡಿತ್ತು. ಹೆಗಲವರೆಗೆ ಕೈ ಹಾಕಿ ತಿರುಗಿಸಿ ಎಳೆದವಳು ನಾನು.

ನನಗೆ ತಿಳಿಯಿತು. ಪೊರಕೆ ಕೆಳಗೆ ಹಾಕಿ ಓಡಿದೆ. "ಸಾರ್, ಒಂದು ಮಾತು..."

ಮೇಷ್ಟ್ರು ಹಲ್ಲು ಕಚ್ಚಿಕೊಂಡು ಮೆಲ್ಲಗೆ ಬೈದರು. "ಗುಂಡಿ ಹಿಂದೆ ಹೋಗು ಅಂತ ಹೇಳಿಲ್ವಾ? ಅವರ ಮುಂದೆ ಈ ಅವತಾರದಲ್ಲಿ ಬರ್ತೀಯಾ? ನಡಿ!"

ಕೂಗಬಹುದಿತ್ತು. ಪುಟ್ಟಿ ಇಪ್ಪತ್ತು ಹೆಜ್ಜೆ ದೂರದಲ್ಲಿದ್ದಳು. ಅವಳು ತಿರುಗಿ ನೋಡಿದಳು. ಇಸ್ತ್ರಿ ಮಾಡಿದ ಕೋಟು, ಎದೆಗೆ ಹಿಡಿದ ಪುಸ್ತಕ, ಮೂವರು ಅಧಿಕಾರಿಗಳ ಮೆಚ್ಚುಗೆ. ನೋಡಿ ಮುಖ ತಿರುಗಿಸಿದಳು. ಕಂಬ ನೋಡಿದ ಹಾಗೆ.

ಹೋಗು ಹಾಗಾದರೆ ಎಂದುಕೊಂಡೆ. ಗುಂಡಿಯ ಹಿಂದೆ ಹೋಗಿ ಕೂತೆ. ಆ ಅರ್ಧ ಗಂಟೆ ನಾನು ಕೂತಿದ್ದೆ. ಉದ್ದಕ್ಕ ಏನೋ ಮಾತಾಡುತ್ತಿದ್ದಳು. ಬೇಲಿಯ ಆಚೆಯಿಂದ ಚಪ್ಪಾಳೆ ಕೇಳಿಸಿತು. ಆ ಚಪ್ಪಾಳೆಯೂ ನನಗೆ ಚುಚ್ಚಿತು.

ಆಮೇಲೆ ಒಂದು ಕೂಗು.

"ಅಕ್ಕಾ! ಅಕ್ಕಾ, ಬಾ!"

ಎಲ್ಲರ ಮುಂದೆ ಕೂಗಿದ್ದಳು. ನಾನು ಗುಂಡಿ ದಾಟಿ, ಬೇಲಿಯ ತಂತಿಯ ಕೆಳಗೆ ನುಸುಳಿ ಓಡಿದೆ. ಬೆನ್ನಿಗೆ ಕರೆಂಟು ಹೊಡೆಯಿತು. ಹನ್ನೆರಡರಲ್ಲಿ ಹನ್ನೊಂದರ ಎಡ ಪಕ್ಕೆ ಡೋಲಿನ ಹಾಗೆ ಉಬ್ಬಿತ್ತು. ಬೊಟ್ಟಿ ನೆಲಕ್ಕೆ ಬಿದ್ದು ಕಾಲು ಬಡಿಯುತ್ತಿತ್ತು. ನಾಲಿಗೆ ಹೊರಗೆ. ಹಸಿರು ಕೋಟಿನವರೆಲ್ಲ ಗೂಟದ ಹಾಗೆ ನಿಂತಿದ್ದರು. ಮೇಷ್ಟ್ರು ಫೋನ್ ಹಿಡಿದು ಡಾಕ್ಟರನ್ನು ಹುಡುಕುತ್ತಿದ್ದರು. ಪುಟ್ಟಿ ಪುಸ್ತಕದ ಪುಟ ತಿರುವುತ್ತಿದ್ದಳು. ಅವಸರಕ್ಕೆ ಪುಟ ಹರಿಯುತ್ತಿತ್ತು.

"ಅಡುಗೆಮನೇಲಿರೋ ಎಣ್ಣೆಯೆಲ್ಲ ತನ್ನಿ! ಬಾಟಲಿ ತನ್ನಿ! ಉದ್ದಕ್ಕ, ಕೋಲು, ಹಗ್ಗ!"

ಒಂದೊಂದು ಹಸುವಿನ ಬಾಯಿಗೂ ಅಡ್ಡ ಕೋಲು ಕಟ್ಟಿದೆವು. ಕೋಲು ಜಗಿದರೆ ಜೊಲ್ಲು ಬರುತ್ತದೆ, ಜೊಲ್ಲು ಬಂದರೆ ಗಾಳಿ ಹೊರಗೆ ಬರುತ್ತದೆ. ಎಣ್ಣೆ ಕುಡಿಸಿದೆವು. ಮುಂಗಾಲು ಎತ್ತರಕ್ಕೆ ಬರುವ ಹಾಗೆ ದಿಬ್ಬಕ್ಕೆ ಹತ್ತಿಸಿದೆವು. ಎಡ ಪಕ್ಕೆಯನ್ನು ಮುಷ್ಟಿಯಿಂದ ಒತ್ತಿ ಒತ್ತಿ ತಿಕ್ಕಿದೆವು. ಕೈ ಸಾಲಲಿಲ್ಲ. ಸುಮ್ಮನೆ ನಿಂತಿದ್ದ ಒಬ್ಬ ಅಧಿಕಾರಿಗೆ, "ಏ ಟೈ ಕಟ್ಕೊಂಡಿರೋನೇ, ಏನು ನೋಡ್ತೀಯ, ಹಗ್ಗ ಹಿಡಿ!" ಎಂದು ಅರಚಿದೆ. ಅವನು ಹಿಡಿದ. ಹಸು ಡರ್ರನೆ ತೇಗಿತು. ಅವನ ಟೈ ಹಸಿರಾಯಿತು.

ಹತ್ತು ಹಸು ಬದುಕಿದವು. ಬೊಟ್ಟಿಯ ಹತ್ತಿರ ಬರುವಷ್ಟರಲ್ಲಿ ಕಣ್ಣು ನಿಂತಿತ್ತು. ಕೊನೆಗೆ ಪಕ್ಕೆಯ ಗುಳಿಗೆ ಚಾಕು ಹಾಕಿ ತೂತು ಮಾಡಿ ನೋಡಿದೆ. ಬರೀ ನೊರೆ ಬಂತು. ನಾನು ಅದರ ಹಣೆಯ ಮಚ್ಚೆಯ ಮೇಲೆ ಕೈಯಿಟ್ಟು ಕೂತೆ. ಪುಟ್ಟಿ ಪಕ್ಕದಲ್ಲಿ ಕೂತು ಅಳುತ್ತಿದ್ದಳು. ನಾನು ಅಳಲಿಲ್ಲ. ಅಳುವ ಹಕ್ಕು ನನಗೆ ಇರಲಿಲ್ಲ.

ಮಾರನೆಯ ದಿನ ಒಂದು ಕಾಗದ ತಯಾರಾಯಿತು. ಬೆಳಿಗ್ಗೆ ಅದರ ಸುದ್ದಿ ತಂದವಳು ಉದ್ದಕ್ಕ. "ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ. ತಯಾರಾಗು," ಎಂದಳು. ಸಂಜೆ ಪುಟ್ಟಿ ಮನೆಗೆ ಬಂದು ಗೋಡೆ ನೋಡುತ್ತ ಹೇಳಿದಳು. "ನೀನು ಹೆಬ್ಬೆಟ್ಟು ಒತ್ತಬೇಕಂತೆ. ನಾನು ಸಾಕ್ಷಿ ಸಹಿ ಹಾಕಬೇಕಂತೆ. ಹಾಕಿದ್ರೆ ಸರ್ಟಿಫಿಕೇಟು ಕೊಡ್ತಾರಂತೆ."

ಅಮ್ಮ ನನ್ನ ಕೈ ಹಿಡಿದುಕೊಂಡಳು. "ಒತ್ತಿಬಿಡು ತಾಯಿ. ನಿನ್ನದು ಹೇಗೂ ಸಗಣಿ ಕೆಲಸ, ಹೋದ್ರೂ ಇನ್ನೊಂದು ಸಿಗುತ್ತೆ. ಅವಳದ್ದು ಹಾಳಾಗಬಾರದು."

ಹೇಗೂ ಸಗಣಿ. ಹೆತ್ತವಳ ಬಾಯಲ್ಲೂ ಅದೇ.

ಮೇಷ್ಟ್ರ ಕೋಣೆಗೆ ನಾನು ಮೊದಲ ಸಲ ಹೋದದ್ದು ಮಾರನೆಯ ದಿನ. ದೊಡ್ಡ ಸಾಹೇಬರು ಮೇಜಿನ ಹಿಂದೆ. ಮೇಷ್ಟ್ರು ಪಕ್ಕದಲ್ಲಿ. ಪುಟ್ಟಿ ಕಿಟಕಿಯ ಹತ್ತಿರ. ಕೊಟ್ಟಿಗೆಯ ಇಬ್ಬರು ಹೆಂಗಸರನ್ನೂ ಬಾಗಿಲಲ್ಲಿ ನಿಲ್ಲಿಸಿದ್ದರು. ಮೇಜಿನ ಮೇಲೆ ಕಾಗದ, ಮಸಿಯ ಡಬ್ಬಿ.

"ಒತ್ತಮ್ಮ," ಎಂದರು ದೊಡ್ಡ ಸಾಹೇಬರು. "ಕೆಲಸ ಪೂರ್ತಿ ಹೋಗಲ್ಲ. ಎರಡು ತಿಂಗಳು ಮನೇಲಿರು, ಆಮೇಲೆ ನೋಡೋಣ."

"ಏನು ಬರೆದಿದೆ ಸಾರ್?"

"ನಡೆದದ್ದು."

"ಪುಟ್ಟಿ, ಓದು."

"ಅವಳ್ಯಾಕೆ ಓದಬೇಕು?" ಎಂದರು ಮೇಷ್ಟ್ರು. ಪುಟ್ಟಿ ಆಗಲೇ ಕಾಗದ ಎತ್ತಿಕೊಂಡಿದ್ದಳು. ದನಿ ಸಣ್ಣದಾಗಿತ್ತು. "ನಾನು ಕೊಟ್ಟಿಗೆ ಕೆಲಸದವಳು. ಯಾರಿಗೂ ಹೇಳದೆ ಏಳನೇ ಪಟ್ಟಿಯ ಬೇಲಿ ತೆಗೆದು ಹಸುಗಳನ್ನು ಬಿಟ್ಟಿದ್ದೇನೆ. ಇದರಿಂದ ಒಂದು ಹಸು ಸತ್ತಿದೆ. ಇದು ನನ್ನ ಅಜ್ಞಾನದಿಂದ ಆದ ತಪ್ಪು."

ಅಜ್ಞಾನ. ಆ ಒಂದು ಮಾತು ಇಲ್ಲದಿದ್ದರೆ ಒತ್ತುತ್ತಿದ್ದೆನೋ ಏನೋ. ಸುಳ್ಳು ಹೊತ್ತು ಅಭ್ಯಾಸ ಇತ್ತು, ಬುಟ್ಟಿ ಹೊತ್ತ ಹಾಗೆ.

"ಒತ್ತಲ್ಲ," ಎಂದೆ.

"ಏನಂದೆ?"

"ಒತ್ತಲ್ಲ ಅಂದೆ. ಬೇಲಿ ತೆಗೆದದ್ದು ನಾನಲ್ಲ. ನನಗೆ ಅಜ್ಞಾನಾನೂ ಇಲ್ಲ. ನನ್ನ ತಪ್ಪು ಬೇರೆ ಇದೆ. ಅದನ್ನ ಬರೀರಿ, ಹತ್ತೂ ಬೆರಳು ಒತ್ತುತ್ತೀನಿ."

ನಾನು ಪುಟ್ಟಿಯ ಕಡೆ ನೋಡದೆ ಹೇಳಿದೆ. ನೋಡಿದ್ದರೆ ಹೇಳಲು ಆಗುತ್ತಿರಲಿಲ್ಲ.

"ಈ ಪುಸ್ತಕ ನನ್ನದು. ಇವರು ಹದಿನೈದು ದಿನ ಕೂತು ನನ್ನ ಬಾಯಿಂದ ಬರ್ಕೊಂಡದ್ದು. ಏಳು ಸೆಂಟಿಮೀಟರ್ ಅಂದ್ರೆ ಈ ನಾಲ್ಕು ಬೆರಳು, ಅಳೆದು ನೋಡಿ. ಕುದುರೆ ಮೆಂತ್ಯಕ್ಕೆ ಬೆಳಿಗ್ಗೆ ಬಿಡಬಹುದು, ಆದ್ರೆ ಒಣಹುಲ್ಲು ತಿನ್ನಿಸಿ, ಇಬ್ಬನಿ ಆರಿದ ಮೇಲೆ. ಆದ್ರೆ ಅನ್ನೋ ಅಷ್ಟರಲ್ಲಿ ಇವರ ಪ್ಯಾಂಟಿಗೆ ಉಚ್ಚೆ ಬಿತ್ತು, ಎದ್ದು ಹೋದ್ರು. ಅರ್ಧ ಪುಸ್ತಕ ಮಾಡಿದ್ರು. ನನ್ನ ತಂಗಿ ಅದನ್ನ ಓದೋದು ನಾನು ಕೇಳಿಸಿಕೊಂಡೆ. ಉಳಿದರ್ಧ ನನಗೆ ಗೊತ್ತಿತ್ತು. ಹೇಳಲಿಲ್ಲ. ಹೊಟ್ಟೆಕಿಚ್ಚಿಗೆ ಹೇಳಲಿಲ್ಲ. ಬೊಟ್ಟಿ ಸತ್ತದ್ದು ಇವರ ಅರ್ಧ ಪುಸ್ತಕಕ್ಕೆ, ನನ್ನ ಹೊಟ್ಟೆಕಿಚ್ಚಿಗೆ. ಅದನ್ನ ಬರೀರಿ."

ಮೇಷ್ಟ್ರು ನಕ್ಕರು. ನಗು ಸರಿಯಾಗಿ ಬರಲಿಲ್ಲ. "ಇವಳಿಗೆ ತಲೆ ಕೆಟ್ಟಿದೆ ಸಾರ್. ಕೋಣದ ಮುಂದೆ ಕಿನ್ನರಿ ಬಾರಿಸಿದ ಹಾಗೆ ನಾವು..."

"ನನಗೆ ಗೊತ್ತಿರಲಿಲ್ಲ," ಎಂದಳು ಪುಟ್ಟಿ. ನನ್ನನ್ನೇ ನೋಡುತ್ತಿದ್ದಳು. ಮುಖ ಸುಣ್ಣದ ಹಾಗಾಗಿತ್ತು. "ನಿನಗೆ ಗೊತ್ತಿತ್ತು. ಮೂರು ದಿನ ನನ್ನ ಪಕ್ಕದಲ್ಲೇ ಮಲಗಿದ್ದೆ. ಗೊತ್ತಿದ್ದೂ ಹೇಳಲಿಲ್ಲ."

"ಹೇಳಲಿಲ್ಲ."

ಅವಳು ಮೇಜಿನ ಮೇಲಿದ್ದ ಪೆನ್ನು ಎತ್ತಿಕೊಂಡಳು. ಖಾಲಿ ಹಾಳೆ ಎಳೆದುಕೊಂಡಳು. "ಬರೀತೀನಿ. ನೀನೆಂಥ ಅಕ್ಕ ಅಂತ ಎಲ್ಲರಿಗೂ ಗೊತ್ತಾಗಲಿ."

ಸಿಟ್ಟಿನಲ್ಲೇ ಬರೆದಳು. ನನ್ನ ಮೇಲಿನ ಪ್ರೀತಿಗಲ್ಲ, ನ್ಯಾಯಕ್ಕೂ ಅಲ್ಲ. ಆದರೆ ನನ್ನ ತಪ್ಪು ಬರೆಯಬೇಕಾದರೆ ಅವರ ತಪ್ಪು ಬರೆಯದೆ ಆಗುವುದಿಲ್ಲ. ನನಗೆ ಗೊತ್ತಿತ್ತು ಎಂದು ಬರೆದರೆ ಪುಸ್ತಕ ಯಾರದ್ದು ಎಂದೂ ಬರೆಯಬೇಕು. ಮೇಷ್ಟ್ರಿಗೆ ಅದು ಅರ್ಥವಾಯಿತು. "ಬರೀಬೇಡ. ನಿನ್ನ ಸರ್ಟಿಫಿಕೇಟು ನೋಡ್ಕೋ," ಎಂದರು. ಅವಳು ಬರೆದಳು. ಅವರು ಹಾಳೆ ಕಸಿದು ಹರಿದರು. ಅವಳು ಇನ್ನೊಂದು ಹಾಳೆ ತೆಗೆದುಕೊಂಡು ಮೊದಲಿನಿಂದ ಬರೆದಳು. ಈ ಸಲ ಉದ್ದಕ್ಕ ಬಾಗಿಲಿನಿಂದ ಬಂದು ಮೇಜಿನ ಮುಂದೆ ಅಡ್ಡ ನಿಂತಳು. ಎತ್ತರ ಇಲ್ಲದಿದ್ದರೂ ಅಗಲ ಇದ್ದಳು.

ನಾನು ಹತ್ತೂ ಬೆರಳು ಒತ್ತಿದೆ. ಉದ್ದಕ್ಕ ಒತ್ತಿದಳು. ಇನ್ನೊಬ್ಬಳು ಹೆದರಿ ಓಡಿಹೋದಳು. ಅವಳನ್ನು ಬೈಯುವುದಿಲ್ಲ, ಮನೆಯಲ್ಲಿ ಮೂರು ಮಕ್ಕಳು.

"ಮೂವರೂ ಹೊರಗೆ ನಡೀರಿ," ಎಂದರು ದೊಡ್ಡ ಸಾಹೇಬರು. ಕಾಗದ ಮುಟ್ಟಲಿಲ್ಲ.

ನಮ್ಮ ಕೆಲಸ ಹೋಯಿತು. ಅವಳ ಸರ್ಟಿಫಿಕೇಟೂ ಹೋಯಿತು. ಮೇಷ್ಟ್ರಿಗೆ ಏನೂ ಆಗಲಿಲ್ಲ. ಪುಟ್ಟಿ ಆ ಕಾಗದದ ನಕಲನ್ನು ಮೇಲಿನ ಆಫೀಸಿಗೆ ಎರಡು ಸಲ ಕಳಿಸಿದಳು. ಉತ್ತರ ಬರಲಿಲ್ಲ. ಅಮ್ಮ ಇಬ್ಬರನ್ನೂ ಬೈದಳು, ಒಬ್ಬಳನ್ನು ಹೆಚ್ಚು. ನಾನು ಹಳೆಯ ಬೀದಿಯ ಮನೆಮನೆಗೆ ಹೋಗಿ ಹಸು ಕೇಳಿದೆ. ಹದಿನಾಲ್ಕು ಸಿಕ್ಕವು. ಗುಡ್ಡಕ್ಕೆ ಹೊಡೆದುಕೊಂಡು ಹೋಗತೊಡಗಿದೆ. ಪುಟ್ಟಿ ನನ್ನ ಜೊತೆ ಮಾತು ಬಿಟ್ಟಳು. ಒಂದೇ ಕೋಣೆ, ಒಂದೇ ಚಾಪೆ, ಮಾತಿಲ್ಲ. ಇಪ್ಪತ್ತೆರಡು ದಿನ.

ಇಪ್ಪತ್ತಮೂರನೇ ದಿನ ಅವಳು ಗುಡ್ಡಕ್ಕೆ ಬಂದಳು. ಕೈಯಲ್ಲಿ ಖಾಲಿ ನೋಟುಬುಕ್ಕು. ದೂರದಲ್ಲಿ ಒಂದು ಬಂಡೆಯ ಮೇಲೆ ಕೂತಳು.

"ಅದೇ ಪುಸ್ತಕ ಇನ್ನೂ ಹಂಚ್ತಿದ್ದಾರೆ," ಎಂದಳು. "ಮುಂದಿನ ವಾರ ಹೊಸ ಬ್ಯಾಚು. ಇನ್ನೆಷ್ಟು ಹಸು ಸಾಯಬೇಕು? ಹೇಳು, ಬರ್ಕೋತೀನಿ. ಈ ಸಲ ಪೂರ್ತಿ ಹೇಳು."

ಹೇಳಿದೆ. ಅವಳು ಬರೆದಳು. ಪೆನ್ನು ನೀರಿನ ಹಾಗೆ ಓಡುತ್ತಿತ್ತು. ನೋಡನೋಡುತ್ತ ಮತ್ತೆ ಅದೇ ಕಿಚ್ಚು ಎದ್ದಿತು. ಈ ಸಲ ಒಳಗೆ ಇಟ್ಟುಕೊಳ್ಳಲಿಲ್ಲ.

"ನಿನ್ನ ಕೈ ಓಡೋದು ನೋಡಿದ್ರೆ ನನಗೆ ಹೊಟ್ಟೆ ಉರಿಯುತ್ತೆ ಕಣೇ," ಎಂದೆ.

ಅವಳು ತಲೆ ಎತ್ತಲಿಲ್ಲ. "ಉರೀಲಿ. ನಿನ್ನನ್ನ ಇನ್ನೂ ಕ್ಷಮಿಸಿಲ್ಲ ನಾನು. ಮುಂದಿನದು ಹೇಳು."

ನಾಲ್ಕು ಹಾಳೆ ಆಯಿತು. ಅವಳು ಕೂತು ಮೂವತ್ತು ಪ್ರತಿ ಕೈಯಲ್ಲೇ ಬರೆದಳು. ಹೊಸ ಬ್ಯಾಚು ಬರುವ ದಿನ ಉದ್ದಕ್ಕನೂ ಸೇರಿ ನಾವು ಮೂವರೂ ಕೇಂದ್ರದ ಗೇಟಿನ ಮುಂದೆ ನಿಂತೆವು. ಹೊಸ ಕೋಟಿನವರು ಒಬ್ಬೊಬ್ಬರಾಗಿ ಬಂದರು. ಕೆಲವರು ಹಾಳೆ ತೆಗೆದುಕೊಂಡರು. ಕೆಲವರು ಭಿಕ್ಷುಕರೆಂದು ತಿಳಿದು ದೂರ ಸರಿದರು. ಕಾವಲುಗಾರ ಎರಡು ಸಲ ಗದರಿದ. "ಇದು ರಸ್ತೆ ಅಪ್ಪಾ, ನಿಮ್ಮ ಕೊಟ್ಟಿಗೆ ಅಲ್ಲ," ಎಂದಳು ಉದ್ದಕ್ಕ.

ಒಬ್ಬ ಹುಡುಗಿ ಅಲ್ಲೇ ನಿಂತು ನಾಲ್ಕೂ ಹಾಳೆ ಓದಿದಳು. ಪುಟ್ಟಿಯನ್ನು ಕೇಳಿದಳು: "ಇಬ್ಬನಿ ಆರಿದ ಮೇಲೆ ಅಂತ ಬರೆದಿದ್ದೀರಲ್ಲ. ಮೇಲೆ ಆರಿದ್ರೂ ಬುಡದಲ್ಲಿ ಇರುತ್ತೆ. ಪೂರ್ತಿ ಆರಿದೆ ಅಂತ ಹೇಗೆ ಗೊತ್ತಾಗುತ್ತೆ?"

ಪುಟ್ಟಿ ಬಾಯಿ ತೆರೆದಳು. ಹಾಳೆ ನೋಡಿದಳು. ಅಲ್ಲಿ ಅದು ಇರಲಿಲ್ಲ. ಆಮೇಲೆ ನನ್ನ ಕಡೆ ತಿರುಗಿದಳು. ಅವಳ ಕಣ್ಣಲ್ಲಿ ಆಗ ಕಂಡದ್ದನ್ನು ನಾನು ತಪ್ಪು ತಿಳಿಯಲು ಸಾಧ್ಯವೇ ಇಲ್ಲ. ಅದು ನನಗೆ ಬಹಳ ಹತ್ತಿರದ ಪರಿಚಯ.

"ಅವಳನ್ನ ಕೇಳಿ," ಎಂದಳು. ಆ ಎರಡು ಮಾತು ಹೇಳಲು ಅವಳಿಗೆ ಕಷ್ಟವಾಯಿತು. ಆದರೆ ಹೇಳಿದಳು.

ಹುಡುಗಿ ನನ್ನ ಮುಂದೆ ಬಂದು ನಿಂತಳು.

"ಬೂಟು ಬಿಚ್ಚಮ್ಮ," ಎಂದೆ.

"ಬೂಟಾ?"

"ಹೂಂ. ಬಿಚ್ಚಿ ಈ ಹುಲ್ಲಿನ ಮೇಲೆ ಕಾಲಿಡು. ಬೆರಳನ್ನ ಬುಡಕ್ಕೆ ಒತ್ತು. ತಣ್ಣಗಾಯ್ತಾ?"

ಅವಳು ಗೇಟಿನ ಕಂಬ ಹಿಡಿದುಕೊಂಡು ಒಂದು ಬೂಟು ಬಿಚ್ಚಿದಳು. ಕಾಲುಚೀಲ ತೆಗೆದಳು. ರಸ್ತೆ ಬದಿಯ ಹುಲ್ಲಿನ ಮೇಲೆ ಬಿಳಿ ಪಾದ ಇಟ್ಟಳು. ಅವಳ ಹಿಂದೆ ಇನ್ನಿಬ್ಬರು ಬಗ್ಗಿ ಬೂಟಿಗೆ ಕೈ ಹಾಕಿದರು. ಒಳಗಿನಿಂದ ಮೇಷ್ಟ್ರು ಓಡಿಬರುತ್ತಿದ್ದರು, "ಯಾರು ನಿಲ್ಲೋಕೆ ಹೇಳಿದ್ದು? ಒಳಗೆ ಬನ್ನಿ!" ಎಂದು ಕೂಗುತ್ತ.

"ಇನ್ನೂ ಒತ್ತು," ಎಂದೆ ನಾನು. "ಅವಸರ ಇಲ್ಲ. ಕಾಲಿಗೆ ಗೊತ್ತಾಗಲಿ."